ಆರು ವಚನಗಳ ಗದ್ದುಗೆ

ಖಡೇಬಜಾರದಲ್ಲಿ ನಿನ್ನೆ ಸಂಜೆ ಕೊಂಡ ಅಥಣಿ ಚಪ್ಪಲಿ ಹೆಜ್ಜೆ ಹೆಜ್ಜೆಗೂ ಕಿರ್ರೆನ್ನುತ್ತದೆ. ಬೆಳಗಾವಿ ಬಸ್ ನಿಲ್ದಾಣದಲ್ಲಿ ಬೆಳಗಿನ ಏಳು ಗಂಟೆ. ಫೆಬ್ರುವರಿಯ ಚಳಿ ಇನ್ನೂ ಹಿಂದೆಗೆದಿಲ್ಲ. ಚಹಾದ ಗಾಡಿಯ ಸುತ್ತ ಮಫ್ಲರ್ ಸುತ್ತಿದ ತಲೆಗಳು. ಅರ್ಧ ಮಾತು ಕನ್ನಡ, ಅರ್ಧ ಮರಾಠಿ, ಬೈಗುಳ ಮಾತ್ರ ಎರಡರಲ್ಲೂ. "ಖಾನಾಪೂರ, ನಂದಗಡ, ಬೀಡೀ..." ಎಂದು ಕೂಗುತ್ತಿರುವ ಕಂಡಕ್ಟರನ ಹತ್ತಿರ ಹೋಗಿ ಕಕ್ಕೇರಿಗೆ ಎನ್ನುತ್ತೀರಿ.

"ಕಕ್ಕೇರಿ ಏನ್ರಿ? ಹತ್ರಿ. ಖಾನಾಪೂರಕ್ಕ ಇಳದು ಅಳ್ನಾವರ ಗಾಡಿ ಹಿಡೀರಿ." ಟಿಕೆಟ್ ಹರಿದು ಕೊಡುವಾಗ ಅವನಿಗೊಂದು ಕುತೂಹಲ. "ಬಿಷ್ಟಮ್ಮಗ ಹೊಂಟೀರೇನು?"

"ಇಲ್ರಿ, ಕಕ್ಕಯ್ಯನ ಗದ್ದುಗಿಗೆ."

"ಹಾಂ," ಎನ್ನುತ್ತಾನೆ, ಅಷ್ಟೇ. ಕಕ್ಕೇರಿಗೆ ಹೋಗುವವರಲ್ಲಿ ಬಹಳ ಮಂದಿ ಬಿಷ್ಟಾದೇವಿಯ ಭಕ್ತರು. ದಸರೆಯ ಹೊತ್ತಿಗೆ ಅಲ್ಲಿ ಕಾಲಿಡಲು ಜಾಗ ಸಿಗದು. ಕಕ್ಕಯ್ಯನ ಹೆಸರು ಹೇಳಿ ಟಿಕೆಟ್ ಕೇಳುವವರು ಕಡಿಮೆ.

ಕಿಟಕಿಯ ಸೀಟು. ಜೇಬಿನಲ್ಲಿ ಮಡಚಿಟ್ಟ ಝೆರಾಕ್ಸ್ ಹಾಳೆಯೊಂದಿದೆ. ಡೋಹರ ಕಕ್ಕಯ್ಯ ಎಂಬ ಹನ್ನೆರಡನೆಯ ಶತಮಾನದ ವಚನಕಾರನ ಸಮಗ್ರ ಸಾಹಿತ್ಯ ಆ ಒಂದು ಹಾಳೆಯ ಎರಡು ಮಗ್ಗುಲಲ್ಲಿ ಮುಗಿದುಹೋಗುತ್ತದೆ. ಸಿಕ್ಕಿರುವುದು ಆರೇ ವಚನ. ಅಂಕಿತ 'ಅಭಿನವ ಮಲ್ಲಿಕಾರ್ಜುನ'. ಮಾಳವ ದೇಶದಿಂದ ಕಲ್ಯಾಣಕ್ಕೆ ಬಂದವನು ಎಂದು ಶರಣರ ಕಥೆಗಳು ಹೇಳುತ್ತವೆ. ಕಾಯಕ ತೊಗಲು ಹದ ಮಾಡುವುದು. ಸತ್ತ ದನದ ಚರ್ಮ ಕೈಯಲ್ಲಿ ಹಿಡಿದು ಬದುಕಿದವನು, ಆದ್ದರಿಂದ ಊರು ಅವನ ಕೈಯನ್ನು ಮುಟ್ಟುತ್ತಿರಲಿಲ್ಲ. ಆ ಕೈಯ ಬಗ್ಗೆಯೇ ಅವನ ಒಂದು ವಚನವಿದೆ. ಅದಕ್ಕಾಗಿಯೇ ಈ ಪ್ರಯಾಣ. ಆದರೆ ಅದನ್ನು ಈಗ ತೆರೆಯುವುದು ಬೇಡ, ಬಸ್ಸು ಕುಲುಕುತ್ತಿದೆ.

ಊರು ದಾಟುವ ಮೊದಲು ಒಂದು ಮಾತು. ವಚನಗಳು ಪುಸ್ತಕವಾಗಿ ಕೈಗೆ ಬಂದದ್ದರಲ್ಲಿ ಈ ಬೆಳಗಾವಿಯ ಪಾಲು ದೊಡ್ಡದು. ವಕೀಲ ಫ.ಗು. ಹಳಕಟ್ಟಿಯವರು ಮನೆ ಮನೆಯ ಜಗಲಿಯ ಮೇಲೆ ವಿಭೂತಿ ಹಚ್ಚಿಸಿಕೊಂಡು ಕೂತಿದ್ದ ತಾಳೆಗರಿಗಳನ್ನು ಬೇಡಿ ತಂದು, ನಕಲು ಮಾಡಿ, 'ವಚನಶಾಸ್ತ್ರಸಾರ'ದ ಹಸ್ತಪ್ರತಿ ಸಿದ್ಧಮಾಡಿದರು. ಮಂಗಳೂರಿನ ಬಾಸೆಲ್ ಮಿಷನ್ ಮುದ್ರಣಾಲಯಕ್ಕೆ ಕಳಿಸಿದ್ದು ಅಲ್ಲಿ ಅಚ್ಚಾಗದೆ ಮರಳಿತು. ಕೊನೆಗೆ 1923ರಲ್ಲಿ ಮೊದಲ ಭಾಗ ಅಚ್ಚಾದದ್ದು ಬೆಳಗಾವಿಯ ಮಹಾವೀರ ಮುದ್ರಣಾಲಯದಲ್ಲಿ. ಆಮೇಲೆ ಅವರು ವಿಜಯಪುರದ ತಮ್ಮ ಮನೆಯನ್ನೇ ಮಾರಿ ಸ್ವಂತ ಅಚ್ಚಿನ ಮನೆ ಕಟ್ಟಿದರು. ಕಾವ್ಯಕ್ಕಾಗಿ ಮನೆ ಮಾರಿದ ವಕೀಲ ಇನ್ನೊಬ್ಬನಿದ್ದರೆ ತೋರಿಸಲಿ.

ಬಸ್ಸು ಕಾಂಗ್ರೆಸ್ ರೋಡಿಗೆ ಹೊರಳುತ್ತದೆ. ಟಿಳಕವಾಡಿ. 1924ರ ಡಿಸೆಂಬರಿನಲ್ಲಿ ಗಾಂಧೀಜಿ ಅಧ್ಯಕ್ಷರಾಗಿ ಕೂತ ಒಂದೇ ಒಂದು ಕಾಂಗ್ರೆಸ್ ಅಧಿವೇಶನ ನಡೆದದ್ದು ಇಲ್ಲಿ. ವೀರಸೌಧ ಇದೆ, ಅಧಿವೇಶನದ ನೀರಿಗಾಗಿ ತೋಡಿದ ಬಾವಿ ಇನ್ನೂ ಇದೆ. ಮರುವರ್ಷ, 1925ರಲ್ಲಿ, ಇದೇ ಜಿಲ್ಲೆಯ ನಿಪ್ಪಾಣಿಯಲ್ಲಿ ನಡೆದ ದಲಿತರ ಸಮ್ಮೇಳನಕ್ಕೆ ಅಂಬೇಡ್ಕರ್ ಬಂದರು. ಮೂರು ವರ್ಷ, ಒಂದೇ ಜಿಲ್ಲೆ: ವಚನದ ಪುಸ್ತಕ, ಗಾಂಧಿ, ಅಂಬೇಡ್ಕರ್. ಯಾರೂ ಕೂತು ಯೋಜಿಸಿದ್ದಲ್ಲ. ಆದರೆ ಆ ಕೈಯ ವಚನದಲ್ಲಿ ಕಕ್ಕಯ್ಯ ತನ್ನ ದೇವರಿಗೆ ಕೇಳಿದ್ದ ಪ್ರಶ್ನೆಯನ್ನು ಬೇರೆ ಬೇರೆ ಬಾಯಿಗಳು ಈ ಸೀಮೆಯಲ್ಲಿ ಒಟ್ಟೊಟ್ಟಿಗೆ ಕೇಳತೊಡಗಿದ್ದವು.

ಪೀರನವಾಡಿ ನಾಕಾದಲ್ಲಿ ಸಂಗೊಳ್ಳಿ ರಾಯಣ್ಣನ ಮೂರ್ತಿ. ಮಚ್ಛೆ, ದೇಸೂರು ಹಿಂದೆ ಬೀಳುತ್ತವೆ. ಭತ್ತ ಕೊಯ್ದ ಗದ್ದೆಗಳಲ್ಲಿ ಕೂಳೆ ಮಾತ್ರ ನಿಂತಿದೆ, ಅಲ್ಲಲ್ಲಿ ಇಟ್ಟಿಗೆ ಗೂಡಿನ ಹೊಗೆ. ಖಾನಾಪುರ ಹತ್ತಿರವಾದಂತೆ ಮಣ್ಣು ಕೆಂಪೇರುತ್ತದೆ. ಇಲ್ಲಿನ ಮಣ್ಣಿಗೆ ಹೆಸರಿದೆ. ಹಂಚು, ಮಡಕೆ, ಕುಂಬಾರಿಕೆ ಕಲಿಸುವ ಕೇಂದ್ರ ಸಂಸ್ಥೆ ಎಲ್ಲ ಈ ಊರಿನಲ್ಲೇ. ಮಲಪ್ರಭೆ ಇದೇ ತಾಲ್ಲೂಕಿನ ಕಣಕುಂಬಿಯಲ್ಲಿ ಹುಟ್ಟಿ ಖಾನಾಪುರದ ಮಗ್ಗುಲಲ್ಲಿ ಹರಿಯುತ್ತಾಳೆ. ಮಾಘದಲ್ಲಿ ಅವಳಿಗೆ ಮೊಣಕಾಲುದ್ದದ ನೀರು. ಬಂಡೆಯ ಮೇಲೆ ಬಟ್ಟೆ ಒಗೆಯುತ್ತಿರುವವರು ತಲೆಯೆತ್ತಿ ಬಸ್ಸು ನೋಡುತ್ತಾರೆ. ಈ ನದಿಯ ನೆನಪಿರಲಿ, ಮುಂದೆ ಬೇಕಾಗುತ್ತದೆ.

ಇಳಿದು, ಇನ್ನೊಂದು ಬಸ್ಸು ಹಿಡಿದು, ನಂದಗಡ. ಬಸ್ಸು ಇಲ್ಲಿ ಹತ್ತು ನಿಮಿಷ ನಿಲ್ಲುತ್ತದೆಂದು ಚಾಲಕ ಇಳಿದು ಬೀಡಿ ಹಚ್ಚಿದ. ರಾಯಣ್ಣನನ್ನು 1831ರ ಜನವರಿ 26ರಂದು ಬ್ರಿಟಿಷರು ಗಲ್ಲಿಗೇರಿಸಿದ್ದು ಈ ಊರಲ್ಲಿ. ಸಮಾಧಿಯ ಬಳಿಯ ಆಲದ ಮರಕ್ಕೆ ಜನ ತೊಟ್ಟಿಲು ಕಟ್ಟುತ್ತಾರೆ, ಅವನಂಥ ಮಗ ಹುಟ್ಟಲಿ ಎಂದು. ಮರದ ತುಂಬ ಪುಟ್ಟ ಮರದ ತೊಟ್ಟಿಲುಗಳು.

ಗಲ್ಲು ಎಂದೊಡನೆ ನನಗೆ ಬೇರೊಬ್ಬ ನೆನಪಾಗುತ್ತಾನೆ. ಎಲ್ಲಿಯ ನಂದಗಡ, ಎಲ್ಲಿಯ ಪ್ಯಾರಿಸ್! ಆದರೂ ಹೇಳಿಬಿಡುತ್ತೇನೆ. ಫ್ರೆಂಚ್ ಕವಿ ಫ್ರಾನ್ಸ್ವಾ ವಿಯೋಂ. 1431ರಲ್ಲಿ ಹುಟ್ಟಿದವನು, ಪ್ಯಾರಿಸ್ ವಿಶ್ವವಿದ್ಯಾಲಯದಲ್ಲಿ ಓದಿದವನು. 1455ರಲ್ಲಿ ಜಗಳದಲ್ಲಿ ಒಬ್ಬ ಪಾದ್ರಿಯನ್ನು ಇರಿದ, ಅವನು ಸತ್ತ. ಮರುವರ್ಷ ಕ್ರಿಸ್ಮಸ್ ಸುಮಾರಿಗೆ ಗೆಳೆಯರೊಂದಿಗೆ ನವಾರ್ ಕಾಲೇಜಿನ ಹಣದ ಪೆಟ್ಟಿಗೆ ಒಡೆದ. ಉಯಿಲಿನ ರೂಪದಲ್ಲಿ ಪದ್ಯ ಬರೆದು, ತನ್ನಲ್ಲಿ ಇಲ್ಲದ ಆಸ್ತಿಯನ್ನು ಆಗದವರಿಗೆಲ್ಲ ಹಂಚಿದ. ಗಲ್ಲು ಶಿಕ್ಷೆಯಾಯಿತು. ನೇತಾಡುವ ಹೆಣಗಳನ್ನು ದಾರಿಹೋಕರ ಜೊತೆ ಮಾತಾಡಿಸಿದ ಅವನ ಪದ್ಯ ಆ ದಿನಗಳದೇ ಎನ್ನುತ್ತಾರೆ. 1463ರ ಜನವರಿಯಲ್ಲಿ ಶಿಕ್ಷೆ ಹತ್ತು ವರ್ಷದ ಗಡೀಪಾರಿಗೆ ಇಳಿಯಿತು. ಅವನು ಪ್ಯಾರಿಸ್ ಬಿಟ್ಟು ನಡೆದ. ಅಲ್ಲಿಂದಾಚೆ ಅವನ ಸುಳಿವು ಯಾರಿಗೂ ಇಲ್ಲ. ಸಾವಿರಾರು ಸಾಲು ಉಳಿದವು, ಗೋರಿ ಇಲ್ಲ. ಐನೂರೈವತ್ತು ವರ್ಷದಿಂದ ಫ್ರೆಂಚ್ ಹುಡುಗರು ಅವನನ್ನು ತಮ್ಮ ವಾರಿಗೆಯವನೆಂಬಂತೆ ಓದುತ್ತಿದ್ದಾರೆ.

ಕಕ್ಕಯ್ಯನದು ಇದರ ತದ್ವಿರುದ್ಧ. ಮಾತು ಒಂದು ಹಾಳೆಯಷ್ಟು, ಗೋರಿ ಮಾತ್ರ ಗಟ್ಟಿ. ಅವನು ಯಾರನ್ನೂ ದೋಚಲಿಲ್ಲ, ಅವನ ತಂಟೆಕೋರತನವೆಲ್ಲ ದೇವರೊಂದಿಗೆ.

ಚಾಲಕ ಬೀಡಿ ಎಸೆದ. ಹತ್ತಿ.

ಬೀಡಿ ಎಂಬ ಊರು ದಾಟಿದ ಮೇಲೆ ರಸ್ತೆಗೆ ನೆರಳು ಹೆಚ್ಚು. ಸಾಗವಾನಿ ಎಲೆ ಉದುರಿಸಿಕೊಂಡು ನಿಂತಿದೆ, ಒಣ ಎಲೆಯ ಮೇಲೆ ದನಗಳು ನಡೆದರೆ ಹಪ್ಪಳ ಮುರಿದ ಸದ್ದು. ಎದುರಿಗೆ ಚಕ್ಕಡಿಯೊಂದು ಸಿಕ್ಕರೆ ಆಶ್ಚರ್ಯಪಡಬೇಡಿ. ಭಾರತ ಹುಣ್ಣಿಮೆಗೆ ಉಳವಿಯ ಜಾತ್ರೆ. ಬೆಳಗಾವಿ, ಧಾರವಾಡ ಸೀಮೆಯ ರೈತರು ಇಂದಿಗೂ ಎತ್ತು ಸಿಂಗರಿಸಿ, ಕೊಲ್ಲಾರಿ ಕಟ್ಟಿ, ರೊಟ್ಟಿಯ ಗಂಟು ಹೇರಿಕೊಂಡು ಚನ್ನಬಸವಣ್ಣನ ಗದ್ದುಗೆಗೆ ಹೊರಡುತ್ತಾರೆ. ಜಾತ್ರೆ ಎನ್ನುತ್ತೇವೆ. ಆದರೆ ಮೊದಲ ಸಲ ಜನ ಈ ಕಾಡಿನತ್ತ ಬಂದದ್ದು ಜಾತ್ರೆಗಲ್ಲ, ಜೀವ ಉಳಿಸಿಕೊಳ್ಳಲು.

ಎಂಟೂವರೆ ಶತಮಾನ ಹಿಂದಕ್ಕೆ ಸರಿದು ಇದೇ ಕಾಡಿನ ಅಂಚಲ್ಲಿ ನಿಲ್ಲಿ. 1168ರ ಸುಮಾರು. ಕಲ್ಯಾಣದಲ್ಲಿ ಸಮಗಾರ ಹರಳಯ್ಯನ ಮಗನಿಗೂ ಬ್ರಾಹ್ಮಣ ಮಧುವರಸನ ಮಗಳಿಗೂ ಮದುವೆಯಾಗಿದೆ, ಬೀಗರಿಬ್ಬರನ್ನೂ ಆನೆಯ ಕಾಲಿಗೆ ಕಟ್ಟಿ ಎಳೆಸಿದ್ದಾರೆ, ಅರಸ ಬಿಜ್ಜಳನ ಕೊಲೆಯಾಗಿದೆ. ಊರಿಗೆ ಊರೇ ಚೆದುರಿದೆ. ಬಸವಣ್ಣ ಕೂಡಲಸಂಗಮದ ಕಡೆಗೆ ಹೋಗಿದ್ದಾರೆ. ಚನ್ನಬಸವಣ್ಣ, ಅಕ್ಕನಾಗಮ್ಮ, ಅವರೊಡನೆ ಒಂದು ದಂಡು, ಪಡುವಣಕ್ಕೆ. ಇಷ್ಟನ್ನು ಶರಣರ ಕಥೆಗಳೂ ಈ ಸೀಮೆಯ ಊರುಗಳೂ ಒಂದೇ ದನಿಯಲ್ಲಿ ಹೇಳುತ್ತವೆ, ವಿವರಗಳಲ್ಲಿ ಮಾತ್ರ ಊರಿಗೊಂದು ಬಗೆ.

ನೂರಾರು ಕಿಲೋಮೀಟರು ನಡೆದ ಕಾಲುಗಳು ಅವು. ನೇಕಾರರು, ಅಗಸರು, ಅಂಬಿಗರು, ಗಾಣಿಗರು, ಮಕ್ಕಳನ್ನು ಸೊಂಟಕ್ಕೇರಿಸಿಕೊಂಡ ಹೆಂಗಸರು. ತಲೆಯ ಮೇಲೆ ಹಿಟ್ಟಿನ ಗಂಟಿನ ಜೊತೆಗೆ ವಚನದ ಕಟ್ಟು. ಹಿಂದೆ ಅರಮನೆಯ ಕುದುರೆಗಳು. ಮಲಪ್ರಭೆಯ ದಂಡೆಯ ಕಾದರವಳ್ಳಿಯಲ್ಲಿ ಕಾಳಗ. ಅದೇ ನದಿಯ ನಡುವೆ, ಇಂದಿನ ಎಂ.ಕೆ. ಹುಬ್ಬಳ್ಳಿಯಲ್ಲಿ, ಬಸವಣ್ಣನ ಹೆಂಡತಿ ಗಂಗಾಂಬಿಕೆಯ ಐಕ್ಯಸ್ಥಳವಿದೆ. ಬೆಳಗಾವಿಯಿಂದ ಧಾರವಾಡಕ್ಕೆ ಹೋಗುವ ಹೆದ್ದಾರಿಯ ಸೇತುವೆಯಿಂದಲೇ ಅದು ಕಾಣುತ್ತದೆ. ಕಾರಿನಲ್ಲಿ ನೂರರ ವೇಗದಲ್ಲಿ ಹೋಗುವವರು ಕೈ ಮುಗಿದು ಮುಂದೆ ಸಾಗುತ್ತಾರೆ. ಮಲಪ್ರಭೆಯ ಉದ್ದಕ್ಕೂ ಹೀಗೆ ಬಿದ್ದವರ ಗುರುತು.

ನದಿ ದಾಟಿದವರ ಬೆನ್ನ ಕಾವಲಿಗೆ ನಿಂತವರಲ್ಲಿ ಡೋಹರ ಕಕ್ಕಯ್ಯ ಒಬ್ಬ. ಮುದುಕನೋ ಪ್ರಾಯದವನೋ ಗೊತ್ತಿಲ್ಲದ ಆ ಮನುಷ್ಯನನ್ನು ನಿಮ್ಮ ಮನಸ್ಸಿಗೆ ಬಂದಂತೆ ಕಲ್ಪಿಸಿಕೊಳ್ಳಿ. ಅವನ ಕೈಯ ಬಣ್ಣವನ್ನಂತೂ ಕಲ್ಪಿಸಬೇಕಾಗಿಲ್ಲ. ಜಾಲಿಯ ತೊಗಟೆ ಅರೆದು ಹದ ಹಾಕುವವರ ಅಂಗೈ ಕಂದುಗೆಂಪು, ತಿಕ್ಕಿದರೂ ಹೋಗದು. ಉಳವಿಯತ್ತ ಹೋಗುವವರು ಕಾಡು ಸೇರುವಷ್ಟು ಹೊತ್ತು ಸಿಗಬೇಕು. ಅಷ್ಟು ಹೊತ್ತನ್ನು ಅವನು ಮತ್ತು ಅವನ ಜೊತೆಗಾರರು ಇಲ್ಲಿ ಸಂಪಾದಿಸಿ ಕೊಟ್ಟರು. ಅವನು ಮುಂದೆ ಹೋಗಲಿಲ್ಲ. ಊರಿಗೆ ಕಕ್ಕೇರಿ ಎಂಬ ಹೆಸರೂ ಅವನಿಂದಲೇ ಬಂತೆಂದು ಇಲ್ಲಿಯವರು ಹೇಳುತ್ತಾರೆ.

"ಕಕ್ಕೇರೀ, ಯಾರ ಇಳಿಯವ್ರು?"

ಇಳಿದಾಗ ಬಿಸಿಲು ಏರಿದೆ. ಕಿರಾಣಿ ಅಂಗಡಿಯ ಕಟ್ಟೆಯ ಮೇಲೆ ಕೂತಿದ್ದ ಹಿರಿಯರನ್ನು ಕೇಳಿದರೆ, ದಾರಿ ಹೇಳುವ ಮೊದಲು ಯಾವ ಊರು ಎಂದು ಕೇಳುತ್ತಾರೆ, ನೀರು ಬೇಕೇನ್ರಿ ಎನ್ನುತ್ತಾರೆ. ಆಮೇಲೆ ಕೈ ಚಾಚಿ, "ಹಿಂಗ ಸೀದಾ ಹೋಗ್ರಿ, ಕಾಣತೈತಿ."

ಕಾಣುತ್ತದೆ. ಹೊಸ್ತಿಲ ಹತ್ತಿರ ಚಪ್ಪಲಿಗಳ ರಾಶಿ. ರಬ್ಬರಿನವು, ಪ್ಲಾಸ್ಟಿಕ್ಕಿನವು, ನಡುವೆ ಚರ್ಮದವು. ನೀವೂ ನಿಮ್ಮ ಅಥಣಿ ಜೋಡನ್ನು ಬಿಡುತ್ತೀರಿ, ಹೊಸದು ಎಂದು ಸ್ವಲ್ಪ ಮರೆಗೆ ಸರಿಸಿ. ಅಲ್ಲಿ ಒಂದು ಕ್ಷಣ ತಡೆಯಿರಿ. ಒಳಗಿರುವವನು ತೊಗಲು ಹದ ಮಾಡುತ್ತಿದ್ದವನು. ಅವನ ಕಾಯಕದ ವಸ್ತುವನ್ನು ಮೈಲಿಗೆಯೆಂದು ಹೊಸ್ತಿಲಾಚೆ ಬಿಟ್ಟು ಅವನ ಮುಂದೆ ಕೈ ಮುಗಿಯಲು ಹೋಗುತ್ತಿದ್ದೇವೆ. ಗುಡಿಯ ರೂಢಿ, ಯಾರ ತಪ್ಪೂ ಅಲ್ಲ. ಆದರೂ ಕಕ್ಕಯ್ಯ ಇದನ್ನು ನೋಡಿದ್ದರೆ ಏಳನೆಯ ವಚನ ಬರೆಯುತ್ತಿದ್ದ.

ಆ ಚಪ್ಪಲಿಯ ಹಿಂದಿನ ಕೆಲಸ ಎಂಥದ್ದು ಎಂದು ಕೇಳಿ. ಹಸಿ ತೊಗಲನ್ನು ಮೊದಲು ಸುಣ್ಣದ ನೀರಲ್ಲಿ ನೆನೆಹಾಕಬೇಕು. ಕೂದಲು ಸಡಿಲವಾದ ಮೇಲೆ ಹೆರೆಯಬೇಕು, ಒಳಮೈಗೆ ಅಂಟಿದ ಮಾಂಸ ಕೆರೆಯಬೇಕು, ಮತ್ತೆ ಮತ್ತೆ ತೊಳೆಯಬೇಕು. ಆಮೇಲೆ ಜಾಲಿಯ ತೊಗಟೆ, ಅಳಲೆಕಾಯಿಯ ಕಷಾಯ. ಹಳೆಯ ಪದ್ಧತಿಯಲ್ಲಿ ತೊಗಲನ್ನೇ ಚೀಲದಂತೆ ಹೊಲಿದು, ಗಳುವಿಗೆ ತೂಗುಹಾಕಿ, ಒಳಗೆ ತೊಗಟೆ ತುಂಬಿ ಕಷಾಯ ಸುರಿಯುತ್ತಾರೆ. ಅದು ಚರ್ಮದ ರಂಧ್ರಗಳಿಂದ ಜಿನುಗಿ ಕೆಳಗಿನ ಪಾತ್ರೆಗೆ ಬೀಳುತ್ತದೆ, ಅದನ್ನೇ ಮೊಗೆದು ಮತ್ತೆ ಮೇಲಿನಿಂದ ಸುರಿಯುತ್ತಾರೆ. ದಿನಗಟ್ಟಲೆ. ವಾಸನೆ ಬಟ್ಟೆಗೆ, ಕೂದಲಿಗೆ, ಊಟಕ್ಕೆ ಹತ್ತುತ್ತದೆ. ಹೀಗೆ ಹದವಾದ ತೊಗಲಿಲ್ಲದೆ ಬಾವಿಯ ಕಪಿಲೆ ಇಲ್ಲ, ಪಕಾಲಿ ಇಲ್ಲ, ಬಾರುಕೋಲು ಇಲ್ಲ, ಡೋಲು ಇಲ್ಲ. ಊರಿನ ಒಕ್ಕಲುತನವೆಲ್ಲ ಅವರ ಕೈಯಿಂದ ನಡೆದು, ಆ ಕೈ ಮಾತ್ರ ಊರ ಹೊರಗೆ.

ಅಂದಹಾಗೆ ಈ ಅಥಣಿ ಚಪ್ಪಲಿಗೆ 2019ರಲ್ಲಿ ಭೌಗೋಳಿಕ ಗುರುತಿನ ಮಾನ್ಯತೆ ಸಿಕ್ಕಿದೆ. ಕೊಲ್ಹಾಪುರಿ ಎಂದು ಹೆಸರು, ಆದರೆ ಅದರಲ್ಲಿ ಮಹಾರಾಷ್ಟ್ರದ ನಾಲ್ಕು ಜಿಲ್ಲೆಗಳಷ್ಟೇ ಕರ್ನಾಟಕದ ಬೆಳಗಾವಿ, ಧಾರವಾಡ, ಬಾಗಲಕೋಟೆ, ವಿಜಯಪುರಗಳ ಪಾಲೂ ಇದೆ. 2025ರ ಜೂನ್‌ನಲ್ಲಿ ಇಟಲಿಯ ಪ್ರಾಡಾ ಕಂಪನಿ ಮಿಲಾನ್‌ನ ಪ್ರದರ್ಶನದಲ್ಲಿ ಇಂಥದೇ ಚಪ್ಪಲಿ ಹಾಕಿಸಿ ರೂಪದರ್ಶಿಗಳನ್ನು ನಡೆಸಿತು, ಮೂಲದ ಹೆಸರೇ ಎತ್ತಲಿಲ್ಲ. ಗದ್ದಲವಾದ ಮೇಲೆ ಒಪ್ಪಿಕೊಂಡಿತು. ವಸ್ತು ಬೇಕು, ಮಾಡಿದವನ ಹೆಸರು ಬೇಡ. ಹೊಸ ಚಾಳಿಯೇನಲ್ಲ.

ಒಳಗೆ ತಂಪು. ವಿಭೂತಿ, ಊದುಬತ್ತಿ, ಬಾಡಿದ ಚೆಂಡುಹೂವಿನ ವಾಸನೆ. ಜನ ಸಾಲಾಗಿ ಬಂದು ಅಂಗೈ ಊರಿ ಗದ್ದುಗೆ ಮುಟ್ಟುತ್ತಾರೆ, ಕಣ್ಣಿಗೆ ಒತ್ತಿಕೊಳ್ಳುತ್ತಾರೆ, ಮಕ್ಕಳ ಕೈ ಹಿಡಿದು ಮುಟ್ಟಿಸುತ್ತಾರೆ. ಎಳೆಗೂಸೊಂದು ಮುಷ್ಟಿ ಬಿಚ್ಚಲೊಲ್ಲದು, ತಾಯಿ ಒಂದೊಂದೇ ಬೆರಳು ಬಿಡಿಸುತ್ತಿದ್ದಾಳೆ. ಯಾರೂ ಯಾರನ್ನೂ ತಡೆಯುವುದಿಲ್ಲ. ನೀವೂ ಮುಟ್ಟುತ್ತೀರಿ.

ಈಗ ಹಾಳೆ ತೆಗೆಯಬಹುದು.

ಆರರಲ್ಲಿ ಹೆಚ್ಚಿನವು ಬಸವಣ್ಣ ಮೊದಲಾದವರನ್ನು ನೆನೆದು ಋಣ ಹೇಳುವಂಥವು. ಕೈಯ ವಚನದ ಧಾಟಿ ಬೇರೆ. ಇದು ಶುರುವಾಗುವುದೇ ದೂರಿನಿಂದ. ಲಿಂಗವನ್ನು ತಂದೆಯೆಂದು ಕರೆದು, ಇಂಥ ಕಷ್ಟದ ಕುಲದಲ್ಲಿ ನನ್ನನ್ನು ಹುಟ್ಟಿಸಿದವನು ನೀನೇ ಎಂದು ಮೊದಲು ಅವನ ಮೇಲೆ ಹೊರಿಸುತ್ತಾನೆ. ಮುಟ್ಟಿಯೂ ಮುಟ್ಟದವನಾಗಿ ಉಳಿದು ಕೆಟ್ಟೆ ಎನ್ನುತ್ತಾನೆ. ಕಡೆಗೆ ಕೇಳುತ್ತಾನೆ: ಕೈಗೆ ತಡೆ ಹಾಕಿದರು, ಮನಸ್ಸಿಗೂ ತಡೆಯೇ? ನಾಲ್ಕೈದು ಸಾಲು. ಅಂಕಿತ ಬಿದ್ದು ಮುಗಿಯಿತು.

ಇದನ್ನು ವಿನಯದ ವಚನ ಎಂದು ಓದುವವರಿದ್ದಾರೆ. ನನಗೆ ಹಾಗೆ ಕೇಳಿಸುವುದಿಲ್ಲ. ಫಿರ್ಯಾದಿ ಕಟಕಟೆಯಲ್ಲಿ ನಿಂತ ದನಿ ಇದು. ಮನಸ್ಸಿನಿಂದ ಮುಟ್ಟಿದರೆ ಸಾಕು ಎಂಬ ಸಮಾಧಾನಕ್ಕೆ ಅವನು ಒಪ್ಪಿದವನೂ ಅಲ್ಲ. ಕಲ್ಯಾಣದಲ್ಲಿ ಅವನಿಗೆ ಸಿಕ್ಕಿದ್ದು ಇಷ್ಟಲಿಂಗ, ಅದು ಕೂರುವುದು ಎಡ ಅಂಗೈ ಮೇಲೆ. ಸುಣ್ಣದಲ್ಲಿ ಬೆಂದ, ತೊಗಟೆಯ ಕಲೆ ಹತ್ತಿದ ಅದೇ ಅಂಗೈ. ಪೂಜಾರಿಯ ಕೈ ನಡುವೆ ಬರಲೇ ಇಲ್ಲ. ಇದರ ಜೊತೆಗೆ ಬಸವಣ್ಣ ಮಾಡಿದ್ದನ್ನೂ ಇಟ್ಟು ನೋಡಿ. ಬಿಜ್ಜಳನ ಭಂಡಾರದ ಹೊಣೆ ಹೊತ್ತ, ಬ್ರಾಹ್ಮಣರ ಮನೆಯಲ್ಲಿ ಹುಟ್ಟಿದ ಮನುಷ್ಯ ತನ್ನ ವಂಶಾವಳಿ ಹೇಳುವಾಗ ಮಾದಾರ ಚೆನ್ನಯ್ಯನನ್ನು ಅಪ್ಪನೆಂದ, ಡೋಹರ ಕಕ್ಕಯ್ಯನನ್ನು ಬೊಪ್ಪನೆಂದ, ಕಿನ್ನರಿ ಬೊಮ್ಮಯ್ಯನನ್ನು ಅಣ್ಣನೆಂದ. ಇದು ಸಭೆಯಲ್ಲಿ ಹೇಳುವ ಒಳ್ಳೆಯ ಮಾತಾಗಿ ಉಳಿಯದೆ ಹರಳಯ್ಯನ ಮನೆಯ ಮದುವೆಯವರೆಗೆ ಹೋದದ್ದರಿಂದಲೇ ಕುದುರೆಗಳು ಬೆನ್ನಟ್ಟಿ ಬಂದವು.

ಈಗ ಸರಕಾರ ಫೆಬ್ರುವರಿಯಲ್ಲಿ ಕಾಯಕ ಶರಣರ ಜಯಂತಿ ಎಂದು ಐವರನ್ನು ಒಟ್ಟಿಗೆ ಸ್ಮರಿಸುತ್ತದೆ: ಮಾದಾರ ಚೆನ್ನಯ್ಯ, ಮಾದಾರ ಧೂಳಯ್ಯ, ಡೋಹರ ಕಕ್ಕಯ್ಯ, ಸಮಗಾರ ಹರಳಯ್ಯ, ಉರಿಲಿಂಗಪೆದ್ದಿ. ಐವರಿಗೂ ಸೇರಿ ಒಂದೇ ಫ್ಲೆಕ್ಸು. ಹಾರ, ಭಾಷಣ, ಉಪ್ಪಿಟ್ಟು. ಅದು ಇರಲಿ. ಕಕ್ಕಯ್ಯನನ್ನು ಕಾಪಾಡಿದ್ದು ಆ ಫ್ಲೆಕ್ಸಲ್ಲ. ಅವನ ಕುಲದ ಢೋರ ಸಮಾಜದವರು ಕೆಲಸ ಹುಡುಕಿಕೊಂಡು ಹೋದಲ್ಲೆಲ್ಲ ಅವನನ್ನು ಕರೆದುಕೊಂಡು ಹೋದರು. ಮುಂಬಯಿಯ ಧಾರಾವಿಯಲ್ಲಿ, ಚರ್ಮದ ಕಾರ್ಖಾನೆಗಳ ನಡುವೆ, ಸಂತ ಕಕ್ಕಯ್ಯ ಮಾರ್ಗ ಎಂಬ ರಸ್ತೆಯೇ ಇದೆ. ಸೋಲಾಪುರ, ಕೊಲ್ಹಾಪುರದ ಕಡೆ ಅವನು ಮರಾಠಿ ಮಾತಾಡುವವರ ಸಂತ. ವಚನ ಕನ್ನಡದ್ದು, ಅವರಿಗೆ ಓದಲು ಬಾರದು. ಹೆಸರು ಗೊತ್ತು, ಗದ್ದುಗೆ ಎಲ್ಲಿದೆಯೆಂದು ಗೊತ್ತು.

ಹಾಗೆ ಬಂದವರದೇ ಒಂದು ಗುಂಪು ಹೊರಗೆ ಮರದ ನೆರಳಲ್ಲಿ ಬುತ್ತಿ ಬಿಚ್ಚಿ ಕೂತಿದೆ. ಸೋಲಾಪುರದ ಟೆಂಪೋ. ಕಡಕ್ ಜೋಳದ ರೊಟ್ಟಿ, ಶೇಂಗಾ ಚಟ್ನಿ, ಹಸಿ ಉಳ್ಳಾಗಡ್ಡಿ. ನಿಮ್ಮನ್ನು ನೋಡಿದ್ದೇ ತಡ, ಹಸಿರು ಸೀರೆಯ ಹಿರಿಯಾಕೆ ಒಂದು ರೊಟ್ಟಿ ಮುರಿದು ಚಾಚುತ್ತಾಳೆ. "ಕುಂಡ್ರಪಾ. ಕೈಯಾಗ ಏನ ಕಾಗದಾ ಅದು?"

"ಕಕ್ಕಯ್ಯನ ವಚನ ರೀ ಮಾವಶಿ."

"ಓದಿ ಹೇಳು. ನಮ್ಮ ಪೈಕಿ ಈ ಹುಡುಗೂರಿಗೆ ಕನ್ನಡ ಬರೂದಿಲ್ಲ, ನಾ ತಿಳಿಸಿ ಹೇಳ್ತೀನಿ."

ಓದುತ್ತೀರಿ. ಆಕೆ ಒಂದೊಂದು ಸಾಲಿಗೆ ನಿಲ್ಲಿಸಿ ಮರಾಠಿಯಲ್ಲಿ ಹೇಳುತ್ತಾಳೆ, ಹೇಳುವಾಗ ತನ್ನದೂ ನಾಲ್ಕು ಮಾತು ಸೇರಿಸುತ್ತಾಳೆ ಎಂಬುದು ಉದ್ದದಿಂದಲೇ ತಿಳಿಯುತ್ತದೆ. ಜೀನ್ಸ್ ತೊಟ್ಟ ಹುಡುಗನೊಬ್ಬ ಮೊಬೈಲಿನಲ್ಲಿ ಹಾಳೆಯ ಫೋಟೋ ತೆಗೆದುಕೊಳ್ಳುತ್ತಾನೆ. ಆರೂ ಮುಗಿಯಲು ರೊಟ್ಟಿ ತಿನ್ನುವಷ್ಟೂ ಹೊತ್ತು ಹಿಡಿಯಲಿಲ್ಲ.

"ಇಷ್ಟ ಏನು?"

"ಇಷ್ಟ ಸಿಕ್ಕಾವ್ರಿ. ಉಳದದ್ದು ಹೋಗ್ಯಾವು."

ಕೈಯ ವಚನವನ್ನು ಇನ್ನೊಮ್ಮೆ ಓದಿಸುತ್ತಾಳೆ. ಹುಡುಗ ಮರಾಠಿಯಲ್ಲಿ ಏನೋ ಕೇಳುತ್ತಾನೆ. ಆಕೆ ನಿಮ್ಮತ್ತ ತಿರುಗಿ, "ಇಂವಾ ಕೇಳ್ತಾನ, ದೇವರು ಏನ ಉತ್ತರ ಕೊಟ್ಟಾ ಅಂತ. ಅದನ್ನೂ ಬರದಾನೇನು?"

"ಇಲ್ರಿ. ಕೇಳಿದ್ದಷ್ಟ ಐತಿ."

"ಕೊಟ್ಟಿರೂದಿಲ್ಲ ಬಿಡು," ಎಂದು ಮಾವಶಿ ಸೆರಗಿನಿಂದ ಕೈ ಒರೆಸಿಕೊಂಡು ಏಳುತ್ತಾಳೆ. "ಕೊಟ್ಟಿದ್ರ ನಾವ್ಯಾಕ ಸಾಲಾ ಮಾಡಿ ಟೆಂಪೋ ಮಾಡಕೊಂಡ ಇಲ್ಲಿ ತನಕಾ ಬರ್ತಿದ್ವಿ? ಏಳ್ರೋ, ಉಳವಿ ಇನ್ನೂ ದೂರ ಐತಿ."